ಚಿದ್ರೊ ಎಂದರೆ ಛಿದ್ರ: ಬೀದಿ ಗಾಯಕ ದಿದಿ ಕೆಂಪೊಟ್ ಮತ್ತು ಜನರತ್ತ ತಿರುಗಿದ ಕ್ಯಾಮೆರಾ

ಇಂಡೋನೇಷ್ಯಾದ ಜಾವಾ ಭಾಷೆಯಲ್ಲಿ ‘ಚಿದ್ರೊ’ ಎಂಬ ಪದವಿದೆ. ಕೊಟ್ಟ ಮಾತಿಗೆ ತಪ್ಪುವುದು, ನಂಬಿದವರ ಕೈಬಿಡುವುದು ಎಂದು ಅದರ ಅರ್ಥ. ಸಂಸ್ಕೃತದ ‘ಛಿದ್ರ’ ಸಮುದ್ರ ದಾಟಿ ಹೋಗಿ ಅಲ್ಲಿ ಹಾಗೆ ನೆಲೆಸಿದೆ. ನಾವು ಗಡಿಗೆ ಒಡೆದರೆ ಛಿದ್ರವಾಯಿತು ಎನ್ನುತ್ತೇವೆ; ಅವರು ಮಾತು ಮುರಿದರೆ ಚಿದ್ರೊ ಎನ್ನುತ್ತಾರೆ. 1989ರಲ್ಲಿ ಇದೇ ಹೆಸರಿನ ಹಾಡೊಂದು ಕ್ಯಾಸೆಟ್ಟಿನಲ್ಲಿ ಬಂತು. ಪ್ರೀತಿಸಿದವಳು ಮಾತಿಗೆ ತಪ್ಪಿ ದೂರವಾದಳೆಂದು ಕೊರಗುವ ಹುಡುಗನ ಹಾಡು ಅದು. ಬರೆದು ಹಾಡಿದವನು ಜಕಾರ್ತಾದ ಬೀದಿಗಳಲ್ಲಿ ಗಿಟಾರ್ ಹಿಡಿದು ಹಾಡಿ ಹೊಟ್ಟೆ ಹೊರೆಯುತ್ತಿದ್ದ 22 ವರ್ಷದ ಯುವಕ.

ಮೂವತ್ತು ವರ್ಷ ಕಳೆದು, 2019ರ ಜೂನ್ ತಿಂಗಳಲ್ಲಿ, ಮಧ್ಯ ಜಾವಾದ ಸೋಲೊ ನಗರದ ಬಲೆಕಂಬಾಂಗ್ ಉದ್ಯಾನದಲ್ಲಿ ಅದೇ ಗಾಯಕ ಹಾಡುತ್ತಿದ್ದರು. ಈಗ ಅವರಿಗೆ 52 ವರ್ಷ. ಮುಂದೆ ನಿಂತಿದ್ದವರಲ್ಲಿ ಬಹುಪಾಲು ಜನ ‘ಚಿದ್ರೊ’ ಬಂದಾಗ ಇನ್ನೂ ಹುಟ್ಟಿರದ ಹುಡುಗ ಹುಡುಗಿಯರು. ಯಾರೋ ಒಬ್ಬರು ಮೊಬೈಲನ್ನು ವೇದಿಕೆಯ ಕಡೆಗಲ್ಲದೆ ಆ ಹುಡುಗರ ಕಡೆಗೆ ಹಿಡಿದರು. ಕಣ್ಣು ಮುಚ್ಚಿ, ಕೈ ಮೇಲೆತ್ತಿ, ಸಾಲು ಸಾಲಾಗಿ ನಿಂತು ಒಂದೊಂದು ಪದವನ್ನೂ ಬಾಯಿಪಾಠದಂತೆ ಹಾಡುತ್ತಾ ಅವರು ಅಳುತ್ತಿದ್ದರು. ಆ ತುಣುಕು ಟ್ವಿಟರಿನಲ್ಲಿ ಹರಿದಾಡಿತು. ಅಲ್ಲಿಂದ ಮುಂದಿನ ಹನ್ನೊಂದು ತಿಂಗಳಲ್ಲಿ ನಡೆದದ್ದೇ ಈ ಪ್ರಕರಣ.

ಇದನ್ನು ಸಾಮಾನ್ಯವಾಗಿ ‘ಅಂತರ್ಜಾಲವು ಮೂಲೆಗುಂಪಾಗಿದ್ದ ಕಲಾವಿದನನ್ನು ರಾತ್ರೋರಾತ್ರಿ ಮೇಲೆತ್ತಿತು’ ಎಂದು ಹೇಳಿ ಮುಗಿಸುತ್ತಾರೆ. ನನಗೆ ಆ ಮಾತು ಒಪ್ಪಿಗೆಯಿಲ್ಲ. ದಿದಿ ಕೆಂಪೊಟ್ ಎಂದೂ ಅಜ್ಞಾತರಾಗಿರಲಿಲ್ಲ. ಅವರ ಹಾಡು ಜಾವಾದ ಬಸ್ಸುಗಳಲ್ಲಿ, ಸಂತೆಗಳಲ್ಲಿ, ಮದುವೆ ಚಪ್ಪರಗಳಲ್ಲಿ ಮೊದಲಿನಿಂದಲೂ ಇತ್ತು. ವಿಡಿಯೊ ಮಾಡಿದ ಕೆಲಸ ಬೇರೆ. ಅದು ಕೇಳುಗರಿಗೆ ಅವರನ್ನೇ ತೋರಿಸಿತು. ಹಾಡು ಹೊಸದಾಗಿರಲಿಲ್ಲ. ‘ಈ ಹಾಡು ಕೇಳಿ ಅಳುವವನು ನಾನೊಬ್ಬನೇ ಅಲ್ಲ’ ಎಂಬ ತಿಳಿವಳಿಕೆ ಹೊಸದಾಗಿತ್ತು.

ಕಾಲುದಾರಿಯ ಗಾಯಕ

ಹುಟ್ಟಿದ್ದು 1966ರ ಡಿಸೆಂಬರ್ 31ರಂದು, ಸೋಲೊದಲ್ಲಿ. ಊರಿನ ಪೂರ್ಣ ಹೆಸರು ಸುರಕರ್ತಾ. ತಂದೆ ರಾಂತೊ ಎಡಿ ಗುಡೆಲ್ ಕೆತೊಪ್ರಾಕ್ ನಟರು. ನಮ್ಮ ಕಂಪನಿ ನಾಟಕಗಳನ್ನು ನೆನಪಿಸುವ ಜನಪ್ರಿಯ ರಂಗಪ್ರಕಾರ ಅದು. ತಾಯಿ ಗಾಯಕಿ. ಅಣ್ಣ ಮಾಮಿಯೆಕ್ ಪ್ರಾಕೊಸೊ ‘ಸ್ರಿಮುಲಾತ್’ ಎಂಬ ಹೆಸರಾಂತ ಹಾಸ್ಯ ತಂಡದ ಕಲಾವಿದ. ಇಂಥ ಮನೆಯಿಂದ ಬಂದರೂ ಅವರು ಶುರು ಮಾಡಿದ್ದು ಬೀದಿಯಲ್ಲಿಯೇ. ಎಂಬತ್ತರ ದಶಕದ ನಡುವೆ ಸೋಲೊದಲ್ಲಿ, ಆಮೇಲೆ ಜಕಾರ್ತಾದ ಸ್ಲಿಪಿ, ಪಾಲ್ಮೆರಾ, ಸೆನೆನ್ ಮೊದಲಾದ ಕಡೆ ಗೆಳೆಯರ ಜೊತೆ ಹಾಡಿದರು. ‘ಕೆಂಪೊಟ್’ ಮನೆತನದ ಹೆಸರಲ್ಲ. ‘ಕಾಲುದಾರಿ ಗಾಯಕರ ತಂಡ’ ಎಂಬರ್ಥದ ಇಂಡೋನೇಷ್ಯನ್ ಮಾತನ್ನು ಮೊಟಕು ಮಾಡಿದರೆ ಅದಾಗುತ್ತದೆ. ಹೆಸರಾದ ಮೇಲೂ ಅದನ್ನು ಅವರು ಬಿಡಲಿಲ್ಲ.

ಮೊದಲು ಅವರನ್ನು ಎತ್ತಿಕೊಂಡದ್ದು ತಾಯ್ನಾಡಲ್ಲ, ದಕ್ಷಿಣ ಅಮೆರಿಕದ ಸುರಿನಾಮ್ ಎಂಬುದು ನನಗೆ ಇಂದಿಗೂ ರೋಮಾಂಚನ ತರುವ ಸಂಗತಿ. ಡಚ್ಚರು 1890ರಿಂದ 1939ರವರೆಗೆ ಸುಮಾರು 33,000 ಜಾವಾದ ಕೂಲಿಗಳನ್ನು ಅಲ್ಲಿನ ತೋಟಗಳಿಗೆ ಸಾಗಿಸಿದ್ದರು. (ಭಾರತದಿಂದ ಹೋದವರ ಮೊದಲ ಹಡಗು ಅದೇ ದೇಶವನ್ನು 1873ರಲ್ಲೇ ಮುಟ್ಟಿತ್ತು.) ಆ ಕೂಲಿಗಳ ಮರಿಮಕ್ಕಳ ಕಿವಿಗೆ ‘ಚಿದ್ರೊ’ ಬಿತ್ತು. ಅಗಲಿಕೆಯ ಹಾಡು ಅವರಿಗಿಂತ ಚೆನ್ನಾಗಿ ಯಾರಿಗೆ ಅರ್ಥವಾದೀತು? 1993ರಲ್ಲಿ ದಿದಿ ಅಲ್ಲಿಗೆ ಹೋಗಿ ಹಾಡಿದರು. ಮತ್ತೆ ಮತ್ತೆ ಹೋದರು.

ಊರಿನಲ್ಲಿ ಹೆಸರು ಬಂದದ್ದು 1999ರ ‘ಸ್ತಾಸಿಯುನ್ ಬಲಪಾನ್’ ಹಾಡಿನಿಂದ. ಬಲಪಾನ್ ಎಂಬುದು ಸೋಲೊದ ರೈಲು ನಿಲ್ದಾಣ. ಸ್ವಲ್ಪ ದಿನ ಹೋಗಿ ಬರುತ್ತೇನೆ ಎಂದು ರೈಲು ಹತ್ತಿದವಳು ಬರಲೇ ಇಲ್ಲ, ಒಂದು ಸುದ್ದಿಯನ್ನೂ ಕಳಿಸಲಿಲ್ಲ ಎಂಬುದಷ್ಟೇ ಹಾಡಿನ ಸಾರ. ದಿದಿ ಹಾಡುಗಳ ಗುಟ್ಟು ಇಲ್ಲಿದೆ. ಅವರ ದುಃಖಕ್ಕೆ ಯಾವಾಗಲೂ ಒಂದು ವಿಳಾಸವಿರುತ್ತದೆ. ತೀರ್ತೊನಾದಿ ಬಸ್ ನಿಲ್ದಾಣ, ಸೆಮರಾಂಗಿನ ತಾಂಜುಂಗ್ ಮಾಸ್ ಬಂದರು, ಪರಂಗ್‌ತ್ರಿತಿಸ್ ಕಡಲತೀರ, ಪಚಿತಾನ್ ಬಳಿಯ ಕ್ಲಾಯಾರ್ ತೀರ. ಪ್ರೇಮಿ ಎಲ್ಲೋ ಕೈಬಿಟ್ಟು ಹೋಗುವುದಿಲ್ಲ. ನೀವು ನಾಳೆ ಬಸ್ ಹತ್ತುವ ಜಾಗದಲ್ಲೇ ಕೈಬಿಟ್ಟು ಹೋಗುತ್ತಾನೆ. ಇನ್ನೊಂದು ಹಾಡಿನ ಹೆಸರು ‘ಸೆವು ಕುಠೊ’, ಸಾವಿರ ಊರು ಎಂದರ್ಥ. ಆ ‘ಕುಠೊ’ ನಮ್ಮ ಕೋಟೆಯ ದೂರದ ನೆಂಟ. ಸಾವಿರ ಊರು ಸುತ್ತಿ ಹುಡುಕಿದವನ ಹಾಡು ಅದು.

ಈ ಸಂಗೀತವನ್ನು ‘ಚಾಂಪುರ್‌ಸಾರಿ’ ಎನ್ನುತ್ತಾರೆ. ಗಮೆಲಾನ್ ಎಂಬ ಜಾವಾದ ಸಾಂಪ್ರದಾಯಿಕ ವಾದ್ಯಮೇಳದ ಸ್ವರ, ಕ್ರೊಂಚೊಂಗ್ ಎಂಬ ಹಳೆಯ ತಂತಿವಾದ್ಯ ಸಂಗೀತ, ದಾಂಗ್ದುತ್ ಎಂಬ ಜನಪ್ರಿಯ ಕುಣಿತದ ಸಂಗೀತದ ತಾಳ, ಅದರ ಮೇಲೆ ಕೀಬೋರ್ಡು, ಎಲ್ಲದರ ಬೆರಕೆ. ಹಾಡುವುದು ಜಾವಾ ಭಾಷೆಯಲ್ಲಿ, ಅದೂ ಗೆಳೆಯರ ನಡುವೆ ಆಡುವ ಸಲುಗೆಯ ಮಾತಿನಲ್ಲಿ.

ಜಕಾರ್ತಾದ ಜರಡಿ

ದೇಶದ ಅತಿ ದೊಡ್ಡ ಜನಸಮುದಾಯದ ಮನೆಮಾತು ಜಾವಾ ಭಾಷೆ. ಏಳೆಂಟು ಕೋಟಿ ಜನ ಆಡುತ್ತಾರೆ. ಆದರೂ ರಾಷ್ಟ್ರಭಾಷೆಯಾಗಿ ಆರಿಸಿಕೊಂಡದ್ದು ಮಲಯ್ ಮೂಲದ ಇಂಡೋನೇಷ್ಯನ್ ಭಾಷೆಯನ್ನು. 1928ರ ಯುವಜನ ಪ್ರತಿಜ್ಞೆಯಿಂದಲೇ ಆ ಒಪ್ಪಂದವಿದೆ, ಅದು ಒಳ್ಳೆಯ ಒಪ್ಪಂದವೆಂದೇ ನಾನು ಭಾವಿಸುತ್ತೇನೆ. ಸಮಸ್ಯೆ ಹುಟ್ಟಿದ್ದು ಭಾಷಾನೀತಿಯಿಂದಲ್ಲ, ಟಿವಿಯಿಂದ. 1989ರಲ್ಲಿ ಖಾಸಗಿ ವಾಹಿನಿ ಬಂದ ಮೇಲೆ ಮನರಂಜನೆ ಎಂದರೆ ಜಕಾರ್ತಾದ ಸ್ಟುಡಿಯೊ, ಜಕಾರ್ತಾದ ಉಚ್ಚಾರಣೆ, ‘ಸಿನೆತ್ರೊನ್’ ಎಂಬ ಧಾರಾವಾಹಿ ಎಂದಾಯಿತು. ಜಾವಾ ಉಚ್ಚಾರಣೆಗೆ ಅಲ್ಲಿ ಸಿಕ್ಕದ್ದು ಹೆಚ್ಚಾಗಿ ಮನೆಗೆಲಸದವರ, ಕೋಡಂಗಿಗಳ ಪಾತ್ರ. ಅದಕ್ಕೆ ಒಂದು ಮೂದಲಿಕೆಯ ಮಾತೂ ಇದೆ: ‘ನ್ದೆಸೊ’. ನಮ್ಮ ‘ದೇಸಿ’ಯ ಮೂಲವೇ ಅದರದ್ದೂ; ಅಲ್ಲಿ ಮಾತ್ರ ಹಳ್ಳಿ ಗುಗ್ಗು ಎಂಬ ಧ್ವನಿ. ಚಾಂಪುರ್‌ಸಾರಿ ನ್ದೆಸೊ, ಅಪ್ಪ ಅಮ್ಮ ಕೇಳುವ ಹಾಡು. ಕಾಲೇಜಿಗೆ ಹೋಗುವ ಹುಡುಗ ಅದನ್ನು ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಗುಟ್ಟಾಗಿ ಕೇಳಬೇಕಿತ್ತು.

ಈ ಜರಡಿಯನ್ನು ತೂರಿ ಬಂದವರು ಮೊದಲೂ ಇದ್ದರು, ಮತ್ತು ಪ್ರತಿ ಸಲವೂ ಅವರನ್ನು ತಂದದ್ದು ಯಾವುದೋ ಅಗ್ಗದ ವಿಡಿಯೊ. 2003ರಲ್ಲಿ ಪೂರ್ವ ಜಾವಾದ ಇನುಲ್ ದರಾತಿಸ್ತಾ ಎಂಬ ದಾಂಗ್ದುತ್ ಗಾಯಕಿ ಟಿವಿಗೆ ಬರುವ ಮೊದಲೇ ಆಕೆಯ ಮದುವೆ ಕಾರ್ಯಕ್ರಮಗಳ ನಕಲಿ ವಿಸಿಡಿಗಳು ಸಂತೆಗಳಲ್ಲಿ ಮಾರಾಟವಾಗಿದ್ದವು. ಸೊಂಟ ತಿರುಗಿಸುವ ಆಕೆಯ ಕುಣಿತಕ್ಕೆ ದಾಂಗ್ದುತ್ ಸಾಮ್ರಾಟ ರೋಮಾ ಇರಾಮಾ ಅವರೇ ಸಿಡಿದೆದ್ದರು. 2010ರಲ್ಲಿ ಬಾಂಡುಂಗ್ ನಗರದ ಇಬ್ಬರು ವಿದ್ಯಾರ್ಥಿನಿಯರು ಕೋಣೆಯಲ್ಲಿ ಕೂತು ಒಂದು ದಾಂಗ್ದುತ್ ಹಾಡಿಗೆ ತುಟಿಯಾಡಿಸಿದ ಯೂಟ್ಯೂಬ್ ವಿಡಿಯೊ ಮನೆಮಾತಾಯಿತು. 2011ರಲ್ಲಿ ಗೊರೊಂಟಾಲೊದ ಪೊಲೀಸ್ ನಾರ್ಮನ್ ಕಮಾರು ಸಮವಸ್ತ್ರದಲ್ಲೇ ನಮ್ಮ ‘ಛೈಯಾ ಛೈಯಾ’ ಹಾಡಿಗೆ ತುಟಿಯಾಡಿಸಿ ಕುಣಿದರು. ಊಟಿ ರೈಲಿನ ಮೇಲೆ ಚಿತ್ರಿಸಿದ ಹಾಡು ಸುಲವೇಸಿ ದ್ವೀಪದ ಪೊಲೀಸ್ ಠಾಣೆಯಿಂದ ದೇಶವನ್ನೆಲ್ಲ ನಗಿಸಿತು. ಟಿವಿ ವಾಹಿನಿಗಳು ಅವರನ್ನು ಎತ್ತಿಕೊಂಡು ಮೆರೆಸಿದವು. ಅದೇ ವರ್ಷ ಡಿಸೆಂಬರ್ ಹೊತ್ತಿಗೆ ಅವರ ಪೊಲೀಸ್ ಕೆಲಸವೂ ಹೋಗಿತ್ತು, ಟಿವಿಯ ಮೋಹವೂ ಇಳಿದಿತ್ತು. ಕೆಲವು ವರ್ಷಗಳ ನಂತರ ಅವರು ಜಕಾರ್ತಾದಲ್ಲಿ ಗಂಜಿ ಅಂಗಡಿ ಇಟ್ಟುಕೊಂಡದ್ದು ಸುದ್ದಿಯಾಯಿತು.

2010, 2011ರ ಆ ಎರಡೂ ವಿಡಿಯೊಗಳು ಟಿವಿಗೆ ಕಚ್ಚಾ ಸಾಮಗ್ರಿಯಾದವು, ಅಷ್ಟೇ. ವಾಹಿನಿಗಳು ಬೇಕಾದಷ್ಟು ಹಿಂಡಿಕೊಂಡು ಕೆಳಗಿಟ್ಟವು. 2019ರಲ್ಲಿ ಹಾಗಾಗಲಿಲ್ಲ. ಕಾರಣ ಎರಡು. ಒಂದು, ದಿದಿ ಹಿಂದೆ ನೂರಾರು ಹಾಡುಗಳ ಕಣಜವಿತ್ತು. ಒಂದು ತುಣುಕು ನೋಡಿ ಬಂದವನಿಗೆ ತಿಂಗಳುಗಟ್ಟಲೆ ಕೇಳುವಷ್ಟು ಸರಕಿತ್ತು. ಎರಡು, ಆ ಹೊತ್ತಿಗೆ ಅಗ್ಗದ ಮೊಬೈಲ್ ಡೇಟಾ ಜಾವಾದ ಹಳ್ಳಿಗಳಿಗೂ ಮುಟ್ಟಿತ್ತು. ಹಾಡು ನೋಡಲು ಜಕಾರ್ತಾದ ಅಪ್ಪಣೆ ಯಾರಿಗೂ ಬೇಕಿರಲಿಲ್ಲ.

ಕರ್ತಸುರದ ರಾತ್ರಿ

ಬಲೆಕಂಬಾಂಗಿನ ತುಣುಕು ಹಬ್ಬಿದ ಕೆಲವೇ ದಿನಗಳಲ್ಲಿ ಅಭಿಮಾನಿಗಳು ತಮಗೊಂದು ಹೆಸರಿಟ್ಟುಕೊಂಡರು: ‘ಸೊಬಾತ್ ಅಂಬ್ಯಾರ್’. ಸೊಬಾತ್ ಎಂದರೆ ಗೆಳೆಯ. ಅಂಬ್ಯಾರ್ ಎಂದರೆ ಕೈಜಾರಿ ಬಿದ್ದ ಮಡಕೆಯಂತೆ ಚೂರುಚೂರಾಗಿ ಚೆಲ್ಲಿಹೋಗುವುದು. ಹುಡುಗರು ‘ಸ್ಯಾಡ್‌ಬಾಯ್’, ಹುಡುಗಿಯರು ‘ಸ್ಯಾಡ್‌ಗರ್ಲ್’. ಗಾಯಕರಿಗೆ ‘ಗಾಡ್‌ಫಾದರ್ ಆಫ್ ಬ್ರೋಕನ್ ಹಾರ್ಟ್’ ಎಂಬ ಬಿರುದು. ನೊಂದವರ ‘ರಾಷ್ಟ್ರೀಯ ಸಮಾಲೋಚನಾ ಸಭೆ’ ಎಂದು ಕರೆದು ಸೋಲೊದಲ್ಲಿ ಒಂದು ಕೂಟವನ್ನೂ ನಡೆಸಿದರು.

ಜುಲೈ ತಿಂಗಳಲ್ಲಿ ಜಕಾರ್ತಾದ ರೇಡಿಯೊ ನಿರೂಪಕರೊಬ್ಬರು, ಸಂಗೀತಗಾರರೊಂದಿಗೆ ಹರಟುವ ‘ಙೊಬಾಮ್’ ಎಂಬ ತಮ್ಮ ಯೂಟ್ಯೂಬ್ ಮಾಲಿಕೆಗಾಗಿ ದಿದಿ ಅವರನ್ನು ಮಾತಿಗೆ ಕರೆದರು. ಜಾಗ ಸೋಲೊ ಪಕ್ಕದ ಕರ್ತಸುರದ ಒಂದು ‘ವೆದಾಂಗನ್’. ಬಿಸಿ ಶುಂಠಿ ಪಾನೀಯ, ಚಹಾ, ಎಲೆಯಲ್ಲಿ ಕಟ್ಟಿದ ಪುಟ್ಟ ಅನ್ನದ ಪೊಟ್ಟಣ ಸಿಗುವ ರಾತ್ರಿ ಹೋಟೆಲು. ಹರಟೆಗೆ ಗೊತ್ತುಮಾಡಿದ ಅಂಗಳಕ್ಕೆ ಎಣಿಸಿದ್ದಕ್ಕಿಂತ ಎಷ್ಟೋ ಪಟ್ಟು ಜನ ಬಂದರು.

ಆ ಸಂಚಿಕೆಯನ್ನು ನಾನು ಹಲವು ಸಲ ನೋಡಿದ್ದೇನೆ. ಉದ್ದ ಕೂದಲಿನ, ನಿಧಾನ ಮಾತಿನ ಮನುಷ್ಯ ದಿದಿ. ಹಾಡಿನ ಮಧ್ಯೆ ಅವರು ಸುಮ್ಮನಾಗುತ್ತಾರೆ, ಹುಡುಗರು ಸಾಲನ್ನು ಪೂರ್ತಿ ಮಾಡುತ್ತಾರೆ. ಆಗ ಅವರ ಮುಖದಲ್ಲಿ ಗೆದ್ದೆನೆಂಬ ಭಾವವಿಲ್ಲ. ತನ್ನ ಹಳೆಯ ಪೆಟ್ಟಿಗೆಯಲ್ಲಿದ್ದ ಪತ್ರವನ್ನು ಬೇರೆಯವರು ಜೋರಾಗಿ ಓದುವುದನ್ನು ಕೇಳುವವರ ಸಂಕೋಚವಿದೆ. ಕ್ಯಾಮೆರಾ ಅರ್ಧಕ್ಕರ್ಧ ಸಮಯ ಜನರ ಮೇಲೆಯೇ ಇದೆ. ಟಿವಿಯ ಸಂಗೀತ ಕಾರ್ಯಕ್ರಮದಲ್ಲಿ ಪ್ರೇಕ್ಷಕ ಎಂದರೆ ಹೇಳಿದಾಗ ಚಪ್ಪಾಳೆ ತಟ್ಟುವ ತಲೆಗಳ ಸಾಲು. ಇಲ್ಲಿ ಪ್ರೇಕ್ಷಕನೇ ಕಥೆ. ಅಳುವ ಗಂಡುಹುಡುಗ, ಅವನ ಹೆಗಲ ಮೇಲೆ ಕೈಯಿಟ್ಟು ನಗುವ ಗೆಳೆಯ, ತಾನೂ ಅಳುತ್ತಾ ಚಿತ್ರೀಕರಿಸುತ್ತಿರುವ ಮತ್ತೊಬ್ಬ. ಗಂಡಸರು ನಾಲ್ಕು ಜನರ ಎದುರು ಅಳಬಾರದು ಎಂಬುದು ಅಲ್ಲಿಯೂ ಇರುವ ಕಟ್ಟುಪಾಡು. ಅದು ಸಡಿಲವಾದದ್ದನ್ನು ಕಣ್ಣಾರೆ ನೋಡಲು ಸಿಗುವ ದಾಖಲೆ ಇದು, ಹಾಗೆಂದೇ ನನಗೆ ಅಮೂಲ್ಯ.

ಸಂಚಿಕೆ ಯೂಟ್ಯೂಬಿನಲ್ಲಿ ಬಂದ ಕೆಲವು ವಾರಗಳಲ್ಲಿ ಜಕಾರ್ತಾದ ವಾಹಿನಿಗಳು ಸೋಲೊ ಕಡೆಗೆ ಬಂದವು. ದಿಕ್ಕು ಬದಲಾಗಿತ್ತು. ಅಕ್ಟೋಬರ್‌ನಲ್ಲಿ ಜಕಾರ್ತಾದ ‘ಸಿಂಕ್ರೊನೈಜ್’ ಸಂಗೀತ ಉತ್ಸವದಲ್ಲಿ, ರಾಕ್ ತಂಡಗಳ ನಡುವೆ, ಬ್ಲಾಂಕೊನ್ ಎಂಬ ಜಾವಾ ಪೇಟ ಧರಿಸಿ ಅವರು ಹಾಡಿದರು. ಅವರ ತಂಡದಲ್ಲಿ ಕೆಂದಾಂಗ್ ಎಂಬ ಮದ್ದಲೆಯಂಥ ವಾದ್ಯ ನುಡಿಸುತ್ತಿದ್ದ ದೊರಿ ಹರ್ಸಾ ಕೂಡ ಈ ವಿಡಿಯೊಗಳಿಂದಲೇ ತಾರೆಯಾದರು. ಟಿವಿ ಕಾಲದಲ್ಲಿ ಮದ್ದಲೆಗಾರನ ಮುಖ ಯಾರಿಗೆ ಗೊತ್ತಿರುತ್ತಿತ್ತು?

ತಂಪು ಪಾನೀಯದ ಕೂಗು ಮತ್ತು ಹಾಡಿನ ಒಡೆತನ

ಒಂದು ಸಣ್ಣ ಸಂಗತಿಯನ್ನು ಹತ್ತಿರದಿಂದ ನೋಡಬೇಕು. ದಿದಿ ಬರೆದ ‘ಪಾಮರ್ ಬೊಜೊ’ ಎಂಬ ಹಾಡಿದೆ. ಹಳೆಯ ಪ್ರೇಯಸಿ ಹೊಸ ಗಂಡನನ್ನು ತನ್ನೆದುರೇ ಮೆರೆಸುತ್ತಿದ್ದಾಳೆ ಎಂಬ ಸಂಕಟ ಅದರದ್ದು. ಇದನ್ನು ‘ಕೊಪ್ಲೊ’ ಎಂಬ ಬಿರುಸಿನ ತಾಳಕ್ಕೆ ಕೂರಿಸಿದ ತಂಡವೊಂದರ ಅಬಾ ಲಾಲಾ ಎಂಬ ಕಲಾವಿದ ಚರಣಗಳ ನಡುವಿನ ಖಾಲಿ ಜಾಗದಲ್ಲಿ ‘ಚೆಂಡೋಲ್ ದವೆತ್, ಚೆಂಡೋಲ್ ದವೆತ್’ ಎಂದು ಕೂಗು ಹಾಕಿದರು. ಅಕ್ಕಿಹಿಟ್ಟಿನ ಹಸಿರು ಶಾವಿಗೆಯನ್ನು ತೆಂಗಿನ ಹಾಲು, ಬೆಲ್ಲದ ಪಾಕಕ್ಕೆ ಹಾಕಿ ಕೊಡುವ ತಂಪು ಪಾನೀಯ ಅದು. ಎದೆ ಒಡೆದವನ ಹಾಡಿನ ಮಧ್ಯೆ ಪಾನೀಯ ಮಾರುವವನ ಕೂಗು! ವಿಡಿಯೊಗಳ ಮೂಲಕ ಅದು ಎಷ್ಟು ಬೇಗ ಹಬ್ಬಿತೆಂದರೆ, ದಿದಿ ತಾವೇ ಹಾಡುವಾಗಲೂ ಜನ ಆ ಜಾಗದಲ್ಲಿ ಚೆಂಡೋಲ್ ಮಾರುತ್ತಿದ್ದರು. ಅವರು ಮುಗುಳ್ನಕ್ಕು ಬಿಡುತ್ತಿದ್ದರು. ನೋವನ್ನು ಕೂತು ಅಳುವುದಕ್ಕಿಂತ ಕುಣಿದು ಕಳೆಯಬೇಕು ಎಂಬ ಸೊಬಾತ್ ಅಂಬ್ಯಾರ್‌ಗಳ ನಡೆಗೆ ಇದಕ್ಕಿಂತ ತಕ್ಕ ಜೋಡಿ ಬೇರೆ ಇರಲಿಕ್ಕಿಲ್ಲ.

ಆದರೆ ಇದೇ ಎಳೆ ಹಿಡಿದು ಹೋದರೆ ನೋವಿನ ಇನ್ನೊಂದು ಮಗ್ಗುಲು ಸಿಗುತ್ತದೆ. ಪೂರ್ವ ಜಾವಾದ ವಾದ್ಯತಂಡಗಳಲ್ಲಿ ಹಿಂದಿನಿಂದ ಬಂದ ಒಂದು ರೂಢಿಯಿದೆ. ಹಾಡೊಂದು ಗೆದ್ದರೆ ಮರುವಾರ ಎಲ್ಲ ತಂಡಗಳೂ ಅದನ್ನು ಹಾಡುತ್ತವೆ. ಮದುವೆ ಚಪ್ಪರದಲ್ಲಿ ಅದರಿಂದ ಯಾರಿಗೂ ಹೆಚ್ಚು ನಷ್ಟವಿರಲಿಲ್ಲ. ಅದೇ ರೂಢಿ ಯೂಟ್ಯೂಬಿಗೆ ಬಂದಾಗ ಲೆಕ್ಕ ಬದಲಾಯಿತು. ‘ಸುಕೆತ್ ತೆಕಿ’, ‘ಬಾಞು ಲಾಂಗಿತ್’ ಎಂಬ ದಿದಿ ಹಾಡುಗಳನ್ನು ವಿಯಾ ವಾಲೆನ್, ನೆಲ್ಲಾ ಖರಿಸ್ಮಾ ಮುಂತಾದ ಕೊಪ್ಲೊ ಗಾಯಕಿಯರ ಧ್ವನಿಯಲ್ಲಿ ಕೋಟಿಗಟ್ಟಲೆ ಸಲ ಜನ ನೋಡಿದರು. ಎಷ್ಟೋ ಹುಡುಗರಿಗೆ ಅವು ಯಾರು ಬರೆದ ಹಾಡುಗಳೆಂದೇ ಗೊತ್ತಿರಲಿಲ್ಲ. ಅದಕ್ಕೂ ಮೊದಲು ನಕಲಿ ಡಿಸ್ಕುಗಳು ಅವರ ಆದಾಯವನ್ನು ತಿಂದಿದ್ದವು. ಈಗ ವೀಕ್ಷಣೆಯ ಹಣ ಬೇರೆಯವರ ಖಾತೆಗೆ ಹೋಗುತ್ತಿತ್ತು.

ಆ ಗಾಯಕಿಯರು ದಿದಿ ಹಾಡನ್ನು ಹೊಸ ಕಿವಿಗಳಿಗೆ ಮುಟ್ಟಿಸಿದರು, ಅವರಿಲ್ಲದೆ 2019 ಬರುತ್ತಿರಲಿಲ್ಲ ಎಂಬ ವಾದವಿದೆ. ಅದು ನಿಜವೂ ಹೌದು. ಆದರೂ ಬರೆದವನ ಹೆಸರನ್ನು ಹಾಡಿನ ಕೆಳಗೆ ಹಾಕಲು, ಅವನ ಪಾಲನ್ನು ಕೊಡಲು ಇದು ಅಡ್ಡಿಯಾಗಬಾರದಿತ್ತು. ದೇಶದ ಹಕ್ಕುಸ್ವಾಮ್ಯ ಕಾಯ್ದೆ 2014ರಲ್ಲೇ ಇತ್ತು. ಹಾಡುಗಳ ಗೌರವಧನ ವಸೂಲಿಗೆ ಸರಕಾರ ವಿಸ್ತಾರವಾದ ನಿಯಮ ಹೊರಡಿಸಿದ್ದು 2021ರಲ್ಲಿ. ಆ ಹೊತ್ತಿಗೆ ದಿದಿ ಇರಲಿಲ್ಲ.

ಜನರಿಲ್ಲದ ಕೊನೆಯ ಹಾಡು

2020ರಲ್ಲಿ ಜಕಾರ್ತಾದ ಬೃಹತ್ ಕ್ರೀಡಾಂಗಣ ಗೆಲೊರಾ ಬುಂಗ್ ಕಾರ್ನೊದಲ್ಲಿ ಅವರ ಮೂರು ದಶಕಗಳ ಹಾಡುಗಾರಿಕೆಯ ದೊಡ್ಡ ಕಛೇರಿ ಗೊತ್ತಾಗಿತ್ತು. ಹೆಸರು ‘ಅಂಬ್ಯಾರ್ ತಕ್ ಜೊಗೆತಿ’, ಅಂದರೆ ಚೂರಾದರೂ ಕುಣಿಯುತ್ತೇನೆ. ಅಷ್ಟರಲ್ಲಿ ಕೊರೊನಾ ಬಂತು.

ಏಪ್ರಿಲ್ 11ರಂದು ಅವರು ‘ಮನೆಯಿಂದ ಕಛೇರಿ’ ಎಂದು ಕೊಂಪಾಸ್ ಟಿವಿಯಲ್ಲಿ ಸೋಂಕು ಸಂತ್ರಸ್ತರಿಗಾಗಿ ಹಾಡಿದರು. ಎದುರಿಗೆ ಒಬ್ಬ ಪ್ರೇಕ್ಷಕನೂ ಇರಲಿಲ್ಲ. ಅವರು ಹಾಡಿನ ಮಧ್ಯೆ ಸುಮ್ಮನಾದರೆ ಸಾಲನ್ನು ಪೂರ್ತಿ ಮಾಡುವ ಹುಡುಗರಿರಲಿಲ್ಲ. ಆ ಹುಡುಗರು ತಂತಮ್ಮ ಮನೆಗಳಲ್ಲಿ ಮೊಬೈಲ್ ಹಿಡಿದು ಕೂತು ಐದು ಸಾವಿರ, ಹತ್ತು ಸಾವಿರ ರುಪಿಯಾ ಕಳಿಸುತ್ತಿದ್ದರು. ನಮ್ಮ ಲೆಕ್ಕದಲ್ಲಿ ಇಪ್ಪತ್ತೈದು, ಐವತ್ತು ರೂಪಾಯಿ. ಒಟ್ಟಾದದ್ದು 760 ಕೋಟಿ ರುಪಿಯಾ, ಎಂದರೆ ಮೂರೂವರೆ ಕೋಟಿ ರೂಪಾಯಿಗೂ ಮೇಲೆ. ಅದೇ ದಿನಗಳಲ್ಲಿ ಅವರು ಹಾಡಿದ ಕೊನೆಯ ಹಾಡುಗಳಲ್ಲೊಂದು ‘ಓಜೊ ಮುದಿಕ್’, ಹಬ್ಬಕ್ಕೆ ಊರಿಗೆ ಬರಬೇಡಿ ಎಂದು. ರಂಜಾನ್ ಮುಗಿಯುವ ಹೊತ್ತಿಗೆ ನಗರಗಳಿಂದ ಜನ ಸಾಗರದಂತೆ ಊರಿಗೆ ಮರಳುವ ವಾಡಿಕೆಗೆ ‘ಮುದಿಕ್’ ಎನ್ನುತ್ತಾರೆ. ರೈಲು ಹತ್ತಿ ಹೋದವರು ಬರಲಿಲ್ಲವೆಂದು ಮೂವತ್ತು ವರ್ಷ ಹಾಡಿದ ಮನುಷ್ಯ, ಬರಬೇಡಿ ಎಂದು ಹಾಡಬೇಕಾಯಿತು. ಇದನ್ನು ಬರೆಯುವಾಗ ನನ್ನ ಕೈ ನಿಲ್ಲುತ್ತದೆ.

ಮೇ 5ರ ಬೆಳಿಗ್ಗೆ ಸೋಲೊದ ಆಸ್ಪತ್ರೆಯಲ್ಲಿ ಅವರು ತೀರಿಕೊಂಡರು. ವಯಸ್ಸು 53. ಅದೇ ದಿನ ಪೂರ್ವ ಜಾವಾದ ಙಾವಿಯಲ್ಲಿ ಮಣ್ಣು ಮಾಡಿದರು.

ಙಾವಿ ಪುಟ್ಟ ಊರು. ಅಲ್ಲಿಯವರೇ ಆದ ಡೆನ್ನಿ ಚಾಕ್ನಾನ್ ಎಂಬ ಯುವಕ 2019ರಲ್ಲಿ ‘ಕರ್ತೊನ್ಯೊನೊ’ ಎಂಬ ಹಾಡು ಬರೆದು ಹಾಡಿದ್ದರು. ಕರ್ತೊನ್ಯೊನೊ ಆ ಊರಿನ ನಾಲ್ಕು ರಸ್ತೆ ಸೇರುವ ಜಾಗ. ಹಾಡಿನ ಹುಡುಗಿ ಅಲ್ಲಿ ಮಾತು ಮುರಿಯುತ್ತಾಳೆ. ದುಃಖಕ್ಕೆ ವಿಳಾಸ ಬರೆಯುವ ವಿದ್ಯೆ ಕೈ ದಾಟಿತ್ತು. ಜಾವಾ ಭಾಷೆಯ ಆ ಹಾಡನ್ನು ಯೂಟ್ಯೂಬಿನಲ್ಲಿ ಜನ ನೋಡಿದ್ದು ಇಪ್ಪತ್ತು ಕೋಟಿ ಸಲಕ್ಕೂ ಹೆಚ್ಚು. ಕೇಳುವವರಲ್ಲಿ ಜಾವಾ ಭಾಷೆ ಬಾರದವರೂ ಸೇರಿದ್ದರು.

2022ರ ಆಗಸ್ಟ್ 17, ಇಂಡೋನೇಷ್ಯಾದ ಸ್ವಾತಂತ್ರ್ಯ ದಿನ. ಜಕಾರ್ತಾದ ಅಧ್ಯಕ್ಷರ ಅರಮನೆಯ ಅಂಗಳ. ಆಗಿನ ಅಧ್ಯಕ್ಷ ಜೋಕೊ ವಿದೊಡೊ ಹಿಂದೆ ಸೋಲೊದ ಮೇಯರ್ ಆಗಿದ್ದವರು. ಬಾಞುವಾಂಗಿಯ ಹನ್ನೆರಡು ವರ್ಷದ ಹುಡುಗ ಫರೆಲ್ ಪ್ರಯೋಗ ಮೈಕ್ ಹಿಡಿದು ಜಾವಾ ಭಾಷೆಯಲ್ಲಿ ‘ಓಜೊ ದಿಬಾಂದಿಂಗ್ಕೆ’ ಎಂದು ಹಾಡಿದ. ನನ್ನನ್ನು ಬೇರೆಯವರೊಡನೆ ಹೋಲಿಸಬೇಡ ಎಂದು ಅರ್ಥ. ಹಾಡು ಬರೆದವರು ಚೆಂಡೋಲ್ ದವೆತ್ ಕೂಗಿದ ಅದೇ ಅಬಾ ಲಾಲಾ. ಹುಡುಗನನ್ನು ಅಲ್ಲಿಗೆ ತಂದದ್ದು ಯೂಟ್ಯೂಬ್ ವಿಡಿಯೊ. ಅದಕ್ಕೂ ಮೊದಲು ಅವನು ಅಪ್ಪನ ಜೊತೆ ಬೀದಿಗಳಲ್ಲಿ ಹಾಡಿ ಕಾಸು ಕೇಳುತ್ತಿದ್ದ. ಸಾಂಪ್ರದಾಯಿಕ ಉಡುಗೆಯಲ್ಲಿದ್ದ ಮಂತ್ರಿಗಳು ಒಬ್ಬೊಬ್ಬರಾಗಿ ಕುರ್ಚಿಯಿಂದ ಎದ್ದು ಕುಣಿಯತೊಡಗಿದರು. ದೂರದರ್ಶನದ ಕ್ಯಾಮೆರಾಗಳು ಹುಡುಗನನ್ನು ಬಿಟ್ಟು ಕುಣಿಯುವವರ ಕಡೆ ತಿರುಗಿದವು.